ಬೆನ್ನು ತಿರುಗಿಸಿ ಕುಳಿತ ಪ್ರೇಕ್ಷಕ

ರಾಮನಗರ
೧೮ ಜೂನ್ ೨೦೦೭

ಪ್ರೀತಿಯ ತಂಗಿ ನೂರ್ಜಹಾನ್,

ನಿನ್ನಣ್ಣ ಮರಿಯಪ್ಪನ ಆಶೀರ್ವಾದ. ನಾನೂ ಮುನಿಯಮ್ಮನೂ ಇಲ್ಲಿ ಉಂಡು, ತಿಂದು, ಜಗಳವಾಡಿಕೊಂಡು ಚೆನ್ನಾಗಿದ್ದೇವೆ. ಮಾಗಡಿಯಲ್ಲಿ ನೀನೂ ನಿನ್ನ ಮಗಳು ಮುನ್ನೀಯೂ ಹಾಗೆಯೇ ಇದ್ದೀರೆಂದು ನಂಬಿದ್ದೇನೆ. ನಿನ್ನ ಕಾಗದ ಬಂದಾಗ ಯುಗಾದಿಯ ಹೋಳಿಗೆ ಇನ್ನೂ ಡಬ್ಬಿಯಲ್ಲಿತ್ತು, ಈಗ ಮುಂಗಾರು ಹಿಡಿದಿದೆ. ಇಷ್ಟು ದಿನ ಉತ್ತರ ಬರೆಯದವನನ್ನು ಬೈಯಲು ನೀನು ಮಾತು ಕೂಡಿಟ್ಟಿರುತ್ತೀಯ. ಬೈದುಬಿಡು, ನಿನ್ನ ಬಾಯಲ್ಲಿ ಬೈಸಿಕೊಂಡು ಬಹಳ ದಿನವಾಯಿತು. "ಒಂದ್ ಫೋನಾದ್ರೂ ಮಾಡಬಾರ್ದಾ?" ಎಂದು ಮುನಿಯಮ್ಮ ದಿನಾ ಕೇಳುತ್ತಿದ್ದಳು. ಫೋನಿನಲ್ಲಾದರೆ ನಾನು ನಾಟಕ ಆಡುತ್ತೇನೆ, ಕಾಗದದಲ್ಲಿ ಮಾತ್ರ ನಿಜ ಹೇಳುತ್ತೇನೆ ಎಂದು ತೀರ್ಮಾನ ಮಾಡಿದವಳು ನೀನು. ಆ ತೀರ್ಪು ಸರಿಯಾದದ್ದೇ ಇರಬೇಕು, ಅದಕ್ಕೇ ಬರೆಯಲು ತಡವಾಗುತ್ತದೆ.

ನಾನೀಗ ದೊಡ್ಡ ಮನುಷ್ಯ ಕಣಮ್ಮ. ಮಧ್ಯಾಹ್ನ ಮೂರೂವರೆಯ ಧಾರಾವಾಹಿಯ ದೊಡ್ಡಯ್ಯನನ್ನು ಮುನ್ನೀ ಒಂದು ದಿನವೂ ತಪ್ಪಿಸುವುದಿಲ್ಲ ಎಂದು ಬರೆದಿದ್ದೆಯಲ್ಲ, ಇಲ್ಲಿ ಊರಿಗೆ ಊರೇ ಹಾಗೆ. ಮೊನ್ನೆ ಬಸ್ ಸ್ಟ್ಯಾಂಡಿನಲ್ಲಿ ಒಬ್ಬ ಹೆಂಗಸು ನನ್ನ ಕೈಹಿಡಿದು ನಿಲ್ಲಿಸಿ, "ದೊಡ್ಡಯ್ಯ, ನಿಮ್ ಕಿರಿ ಸೊಸೆ ಮಾತ್ರೆ ಬದ್ಲಾಯ್ಸವ್ಳೆ, ನುಂಗ್ಬುಟ್ಟೀರಾ!" ಎಂದು ಎಚ್ಚರಿಸಿದಳು. ನುಂಗುವುದಿಲ್ಲವೆಂದು ಮಾತು ಕೊಟ್ಟ ಮೇಲೆಯೇ ಬಿಟ್ಟಿದ್ದು. ಕಂಪನಿ ನಾಟಕದಲ್ಲಿ ಮೈಕಿಲ್ಲದೆ ಕೊನೆಯ ಬೆಂಚಿನವರೆಗೆ ಹಾಡಿ ಗಂಟಲು ಹರಿದುಕೊಂಡಾಗ ಸಿಗದ ಮರ್ಯಾದೆ, ಒಂದು ಬೆತ್ತದ ಕುರ್ಚಿಯಲ್ಲಿ ಕುಳಿತು ಕೆಮ್ಮಿದ್ದಕ್ಕೆ ಸಿಕ್ಕಿದೆ. ನನಗೆ ನಗುವೂ ಬರುತ್ತದೆ, ಹೊಟ್ಟೆಯುರಿಯೂ ಆಗುತ್ತದೆ. ಯಾರ ಮೇಲೆ ಹೊಟ್ಟೆಯುರಿ ಎಂದು ಕೇಳಬೇಡ, ಆ ದೊಡ್ಡಯ್ಯನ ಮೇಲೆಯೇ.

ಶೂಟಿಂಗ್ ನಡೆಯುವುದು ಬಿಡದಿ ಕೈಗಾರಿಕಾ ಪ್ರದೇಶದ ಅಂಚಿನ ಒಂದು ಬಂಗಲೆಯಲ್ಲಿ. ನಾವು ಎತ್ತಿನ ಗಾಡಿಯ ಮೇಲೆ ಸೀನರಿ ಹೇರಿಕೊಂಡು ಹೋಗುತ್ತಿದ್ದಾಗ ಅಲ್ಲೆಲ್ಲ ರಾಗಿ ಹೊಲ, ಹುರುಳಿ ಹೊಲ. ಈಗ ಕಾಂಪೌಂಡಿನ ಹಿಂದೆ ಕಾಂಪೌಂಡು. ನಾವು ಕಣ್ಣಿಗೆ ಗ್ಲಿಸರಿನ್ ಹಾಕಿಕೊಂಡು ಅಳು ತಂದುಕೊಳ್ಳುವ ಹೊತ್ತಿಗೆ ಸರಿಯಾಗಿ ಯಾವುದೋ ಫ್ಯಾಕ್ಟರಿಯ ಸೈರನ್ ಹೊಡೆಯುತ್ತದೆ, ಶಿಫ್ಟು ಬದಲಾಗುತ್ತದೆ, ಬಸ್ಸುಗಳು ಹಾರನ್ ಹೊಡೆಯುತ್ತವೆ. ಡೈರೆಕ್ಟರ್ ಮನೋಹರ್ ತಲೆಯ ಮೇಲೆ ಕೈಹೊತ್ತು ಕೂರುತ್ತಾನೆ. ನನ್ನ ಅಣ್ಣ ಅಂಕಯ್ಯನ ಮಗ ಅಶೋಕ ಕೆಲಸ ಮಾಡುವ ಕಾರಿನ ಫ್ಯಾಕ್ಟರಿಯೂ ಅಲ್ಲೇ ಇದೆ. ಒಮ್ಮೊಮ್ಮೆ ಶಿಫ್ಟು ಮುಗಿಸಿ ಸಮವಸ್ತ್ರದಲ್ಲೇ ಬಂದು, ನಮ್ಮ ಪ್ರೊಡಕ್ಷನ್ ಊಟ ಹೊಡೆದು ಹೋಗುತ್ತಾನೆ. ಒಳ್ಳೆಯ ಹುಡುಗ.

ಪ್ರತಿ ಕಾಗದದ ಕೊನೆಯಲ್ಲಿ ನೀನು ಕೇಳುವ ಪ್ರಶ್ನೆಗೆ ಉತ್ತರ ಈ ಸಲವೂ ಅದೇ. ಇಲ್ಲ, ಅಂಕಯ್ಯಣ್ಣ ನನ್ನ ಪಾತ್ರವನ್ನು ಇನ್ನೂ ನೋಡಿಲ್ಲ. ಅದು ಯಾಕೆಂದು ಮುನ್ನೀ ಕೇಳಿದಳಂತೆ. ನಿನಗೆ ಗೊತ್ತಿರುವುದೇ ಆದರೂ ಬರೆಯುತ್ತೇನೆ, ಅವಳಿಗೆ ಓದಿ ಹೇಳು.

ನೀನು ಕಂಪನಿಗೆ ಬರುವ ಮೊದಲು ರಾಣಿ, ರಾಜಕುಮಾರಿ, ಸಖಿ ಎಲ್ಲ ನಾನೇ ಅಲ್ಲವೇ? (ನೀನು ಬಂದೆ, ನನ್ನ ಸೀರೆ ಕಿತ್ತುಕೊಂಡೆ. ನಾನು ಮೀಸೆ ಬಿಟ್ಟು ನಿನಗೇ ಗಂಡನಾಗಬೇಕಾಯಿತು. ಇವತ್ತಿಗೂ ಕ್ಷಮಿಸಿಲ್ಲ.) ನಮ್ಮ ಕಂಪನಿ ಚನ್ನಪಟ್ಟಣದಲ್ಲಿ ಮೊಕ್ಕಾಂ ಮಾಡಿದ್ದಾಗ ಅಣ್ಣ ಅಕ್ಕೂರಿನಿಂದ ಗೆಳೆಯರನ್ನು ಗಾಡಿಯಲ್ಲಿ ತುಂಬಿಕೊಂಡು, "ನನ್ ತಮ್ಮ ಕಟ್ಟೋ ಏಸ ನೋಡ್ರಲಾ" ಎಂದು ಹೆಮ್ಮೆಯಿಂದ ಕರೆತಂದಿದ್ದ. ನಾನು ರಾಜಕುಮಾರಿಯಾಗಿ ಬಂದೆ. ಮುಂದಿನ ಬೆಂಚಿನ ಪುಂಡರು ನಾನು ಗಂಡೆಂದು ತಿಳಿಯದೆ ಸಿಳ್ಳೆ ಹೊಡೆದರು, ಬಾಯಿಗೆ ಬಂದದ್ದು ಅಂದರು. ಅಣ್ಣನಿಗೆ ಅದು ಮನೆಯ ಹೆಣ್ಣುಮಗಳಿಗೆ ಅಂದ ಹಾಗೆ ಆಯಿತು. ಅವರನ್ನು ಹೊಡೆಯಲು ಹೋದ, ಗೆಳೆಯರು ಹಿಡಿದುಕೊಂಡರು. ಮಾರನೆಯ ಬೆಳಿಗ್ಗೆ ಬಿಡಾರಕ್ಕೆ ಬಂದು ನಿಂತು, "ತಾಯಾಣೆಗೂ ಇನ್ ಮ್ಯಾಕೆ ಬಣ್ಣ ಅಚ್ಚಿದ್ ನಿನ್ ಮೊಕವ ನಾ ನೋಡಕಿಲ್ಲ ಕಣ್ಲಾ" ಎಂದ, ಹೋದ. ಆಮೇಲೆ ನಾನು ಮೀಸೆ ಬಿಟ್ಟೆ, ರಾಜನಾದೆ, ಮುದುಕನಾದೆ. ಕಂಪನಿ ಮುಚ್ಚಿತು, ಹಳ್ಳಿ ಹಳ್ಳಿಗೆ ಹೋಗಿ ನಾಟಕ ಕಲಿಸಿದೆ. ಟಿ.ವಿ.ಯಲ್ಲಿ ಪೂಜಾರಿ, ಪೋಸ್ಟ್‌ಮ್ಯಾನ್, ಜಡ್ಜು ಎಲ್ಲ ಆದೆ. ಅಣ್ಣ ಮಾತ್ರ ಆಣೆ ಬಿಡಲಿಲ್ಲ. ನಮ್ಮಲ್ಲಿ ದ್ವೇಷವೇನಿಲ್ಲ. ಎದುರಾದರೆ ಮಳೆ ಬೆಳೆ, ರೇಷ್ಮೆ ಗೂಡಿನ ರೇಟು ಎಲ್ಲ ಮಾತಾಡುತ್ತಾನೆ. ನನ್ನ ಕಸುಬಿನ ಮಾತು ಬಂದರೆ ಎಲೆ ಅಡಿಕೆ ಚೀಲ ಹುಡುಕಲು ಶುರುಮಾಡುತ್ತಾನೆ. ಈಚೆಗಂತೂ ಅಕ್ಕೂರು ಬಿಟ್ಟು ಹೊರಗೆ ಬರುವುದೇ ಇಲ್ಲ, ನಾನೂ ಆ ಕಡೆ ಹೋಗದೆ ಮೂರ್ನಾಲ್ಕು ವರ್ಷವಾಯಿತು. ನಾಡಿನವರೆಲ್ಲ ನೋಡಿದರು ನೂರ್ಜಹಾನ್, ಒಡಹುಟ್ಟಿದವನು ನೋಡಲಿಲ್ಲ. ಆ ಒಂದು ಕುರ್ಚಿ ಖಾಲಿ ಇರುವುದು ನನಗೆ ಕಾಣುತ್ತಲೇ ಇರುತ್ತದೆ.

ಇನ್ನೊಂದು ಸುದ್ದಿ, ನಗಬೇಡ. ಹೋದ ವಾರ ಮೇಕಪ್ ಮುಗಿಸಿ ಬಂಗಲೆಯ ಹೊಂಗೆ ಮರದ ಕೆಳಗೆ ಕುಳಿತಿದ್ದೆ. ಕಾಗೆಯೊಂದು ಬಂದು ತಲೆಗೆ ರಪ್ಪೆಂದು ಬಡಿದು ಹೋಯಿತು. ಮನೆಗೆ ಬಂದು ಹೇಳಿದ್ದೇ ತಪ್ಪಾಯಿತು. ಮುನಿಯಮ್ಮ ಅನ್ನದ ಪಾತ್ರೆ ಅಲ್ಲೇ ಬಿಟ್ಟಳು. ಬಡಿದದ್ದು ವಿಗ್ಗಿಗೆ, ತಲೆಗಲ್ಲ ಎಂದು ವಾದಿಸಿದೆ. "ವಿಗ್ಗು ಯಾರ್ ತಲೆ ಮ್ಯಾಲಿತ್ತು?" ಎಂದಳು. ನಮ್ಮ ಕಡೆಯ ಪದ್ಧತಿ ನಿನಗೂ ಗೊತ್ತು: ಕಾಗೆ ತಲೆ ಮುಟ್ಟಿದರೆ ಸಾವಿನ ಸೂಚನೆ, ಅದು ಕಳೆಯಬೇಕಾದರೆ ಅವನು ಸತ್ತನೆಂದು ರಕ್ತಸಂಬಂಧಿಗಳಿಗೆ ಸುಳ್ಳು ಸುದ್ದಿ ಮುಟ್ಟಿಸಬೇಕು. ಅವರು ನಿಜವೆಂದು ನಂಬಿ ಅತ್ತರೆ ಆ ಕಣ್ಣೀರಿನಲ್ಲಿ ದೋಷ ತೊಳೆದುಹೋಗುತ್ತದೆ. "ಅಕ್ಕೂರಿಗೆ ಯೋಳಿ ಕಳಿಸ್ತೀನಿ, ನಿಮ್ಮಣ್ಣ ಒಂದ್ಸಲ ಅತ್ಬುಟ್ರೆ ಸಾಕು" ಎಂದು ಹಟ ಹಿಡಿದಿದ್ದಾಳೆ. ಬಾಯಿಬಿಟ್ಟರೆ ಹುಷಾರ್ ಎಂದು ಗದರಿದ್ದೇನೆ. ಮೂಢನಂಬಿಕೆ ಎಂದು ಅವಳಿಗೆ ಭಾಷಣ ಮಾಡಿದೆ. ನಿನಗೆ ನಿಜ ಹೇಳುತ್ತೇನೆ. ಸುದ್ದಿ ಮುಟ್ಟಿ, ಅಣ್ಣ ಅಳದಿದ್ದರೆ? ಅದಕ್ಕೆ ಹೆದರಿದೆ.

ಕಾಗೆಗೆ ಟಿ.ಆರ್.ಪಿ. ಗೊತ್ತಿತ್ತೋ ಏನೋ, ಮಾರನೆಯ ದಿನವೇ ಮನೋಹರ್ ಬಂದು ಪಕ್ಕದಲ್ಲಿ ಕುಳಿತು ಚಪ್ಪಲಿಯನ್ನೇ ನೋಡುತ್ತಾ, "ಸರ್, ಬೇಜಾರ್ ಮಾಡ್ಕೋಬೇಡಿ. ಕಥೇಲಿ ದೊಡ್ಡಯ್ಯನ್ನ ಸಾಯಿಸಿ ಅಂತಿದಾರೆ ಚಾನೆಲ್‌ನವರು" ಎಂದ. ಒಳ್ಳೆಯದಾಯಿತು, ಕೆಮ್ಮಿ ಕೆಮ್ಮಿ ನನಗೂ ಸಾಕಾಗಿತ್ತು ಎಂದೆ. ಮುಂದಿನ ತಿಂಗಳು ಸಾಯಬೇಕು.

ಮುನ್ನೀಗೆ ಆಶೀರ್ವಾದ. ನಿನ್ನ ಮಂಡಿನೋವಿಗೆ ಬಿಸಿ ಎಣ್ಣೆ ತಿಕ್ಕುವುದು ಬಿಡಬೇಡ.

ನಿನ್ನ ಅಣ್ಣ,
ಅಕ್ಕೂರು ಮರಿಯಪ್ಪ

ರಾಮನಗರ
೨೦ ಆಗಸ್ಟ್ ೨೦೦೭

ತಂಗಿ ನೂರ್ಜಹಾನ್,

ನಿನ್ನ ಕಾಗದ ಕೈಸೇರಿ ವಾರವಾಗಿದೆ, ಈ ಸಲ ಅಷ್ಟೇನೂ ತಡಮಾಡಿಲ್ಲ ಎಂದು ಒಪ್ಪಿಕೋ. ಸತ್ತ ಮೇಲೆ ಮನುಷ್ಯನಿಗೆ ಬಿಡುವು ಸಿಗುತ್ತದೆ.

ಹೌದು, ಸತ್ತೆ. ಚೆನ್ನಾಗಿಯೇ ಸತ್ತೆ. ಬಂಗಲೆಯ ಹಜಾರದಲ್ಲಿ ಮಲಗಿಸಿ, ಮೂಗಿಗೆ ಹತ್ತಿ, ಹಣೆಗೆ ವಿಭೂತಿ, ಎದೆಯ ಮೇಲೆ ಚೆಂಡು ಹೂವಿನ ಹಾರ. ನನ್ನ ಕಿರಿ ಸೊಸೆಯ ಪಾತ್ರದ ಹುಡುಗಿ ರಮ್ಯಾ, ಎರಡು ವರ್ಷದಿಂದ ನನಗೆ ವಿಷ ಹಾಕುತ್ತಾ ಬಂದವಳು, ಗ್ಲಿಸರಿನ್ ಇಲ್ಲದೆಯೇ ಅತ್ತುಬಿಟ್ಟಳು. ಉಸಿರು ಬಿಗಿಹಿಡಿದು ಮಲಗಿದ್ದೇನೆ, ಎಲ್ಲ ಸರಿಯಾಗಿ ನಡೆಯುತ್ತಿದೆ, ಆಗ ಸೈರನ್. ಮತ್ತೆ ಮೊದಲಿನಿಂದ ಸಾಯಬೇಕಾಯಿತು. ಈಗಿನವರು ಪುಣ್ಯವಂತರು, ಹಿಂದೆ ಸ್ಟೇಜಿನ ಮೇಲೆ ಸತ್ತು ಮಲಗಿದ್ದಾಗ ಸೊಳ್ಳೆ ಕಚ್ಚಿದರೂ ಅಲುಗಾಡುವಂತಿರಲಿಲ್ಲ.

ಸಾವಿನ ಸೀನು ಮುಗಿದ ಮೇಲೆ ಇವರಲ್ಲೊಂದು ಪದ್ಧತಿ ಇದೆ. ಬೂದುಗುಂಬಳ ನಿವಾಳಿಸಿ ಒಡೆಯುತ್ತಾರೆ. ಆಮೇಲೆ ಹೆಣವಾದವನು ಎದ್ದು ಕುಳಿತು ಕ್ಯಾಮೆರಾ ನೋಡಿ ನಗಬೇಕು. ಆ ನಗುವನ್ನು ತಪ್ಪದೆ ಚಿತ್ರೀಕರಿಸುತ್ತಾರೆ, ಎಲ್ಲೂ ತೋರಿಸುವುದಿಲ್ಲ. "ನಗಿ ಸರ್" ಎಂದ ಮನೋಹರ್. ನನಗೆ ನಗು ಬರಲಿಲ್ಲ ಕಣೇ. ನಗುವಂಥ ಪಾತ್ರಗಳನ್ನು ಎಷ್ಟು ಮಾಡಿದ್ದೇನೆ, ಬರಲಿಲ್ಲ. ಇನ್ನು ಯಾವ ದೊಡ್ಡ ಪಾತ್ರವೂ ನನಗೆ ಬರುವುದಿಲ್ಲ, ಇದೂ ಹೋಯಿತು, ಅಣ್ಣ ನೋಡದೇ ಹೋಯಿತು ಎಂಬುದೊಂದೇ ತಲೆಯಲ್ಲಿತ್ತು. ಕೊನೆಗೆ ಲೈಟಿನವನು ಯಾರನ್ನೋ ಅಣಕಿಸಿದ, ಫಕ್ಕನೆ ನಕ್ಕೆ. ಚಪ್ಪಾಳೆ ಹೊಡೆದು, ಶಾಲು ಹೊದೆಸಿ, ಕಾರಿನಲ್ಲಿ ಮನೆಗೆ ಕಳಿಸಿದರು.

ಸಾವು ಪ್ರಸಾರವಾಗಲು ಇನ್ನೂ ಸಮಯವಿದೆ. ಅಷ್ಟರೊಳಗೆ ಬಸ್ ಸ್ಟ್ಯಾಂಡಿನಲ್ಲಿ ಯಾರಿಗೂ ಬಾಯಿಬಿಡಬಾರದೆಂದು ತಾಕೀತು ಮಾಡಿದ್ದಾರೆ. ನೀನೂ ಮುನ್ನೀಗೆ ಹೇಳಬೇಡ, ಪಾಪ.

ಈಗ ಕೇಳು, ಬರೆಯಲು ಕೂತದ್ದೇ ಇದಕ್ಕಾಗಿ. ಹೋದ ವಾರ ನನ್ನ ಅತ್ತಿಗೆ ಮಾರಕ್ಕ ಗೂಡು ತಂದ ಟೆಂಪೋದಲ್ಲೇ ರಾಮನಗರದ ಮಾರ್ಕೆಟ್ಟಿಗೆ ಬಂದವಳು ನಮ್ಮ ಮನೆಗೂ ಬಂದಿದ್ದಳು. ಮುನಿಯಮ್ಮ ಕೊಟ್ಟ ಕಾಫಿ ಕುಡಿಯುತ್ತಾ, ಏನೋ ಹುರುಳಿಕಾಳಿನ ಮಾತಾಡುವವಳ ಹಾಗೆ, "ನಿಮ್ಮಣ್ಣ ದಿನಾ ಕೇಳ್ತಾನೆ ಕನಪ್ಪ ನಿನ್ ಸೀರಿಯಲ್ಲ" ಎಂದಳು. ಅಶೋಕ ಮೊದಲ ಬೋನಸ್ಸಿನಲ್ಲಿ ತಂದ ಟಿ.ವಿ. ಅವರ ನಡುಮನೆಯಲ್ಲಿದೆ. ಮೂರೂವರೆಗೆ ಸರಿಯಾಗಿ ಅಣ್ಣ ಹೊರಗೆ ಜಗಲಿಯ ಮೇಲೆ, ಬಾಗಿಲಿಗೆ ಬೆನ್ನು ಹಾಕಿ, ಬೀದಿಗೆ ಮುಖ ಮಾಡಿ ಕೂರುತ್ತಾನಂತೆ. ಮುಗಿಯುವ ತನಕ ಏಳುವುದಿಲ್ಲವಂತೆ. ಯಾರಾದರೂ ಬೀದಿಯಲ್ಲಿ ಮಾತಾಡಿಸಿದರೆ ಕೈಸನ್ನೆ ಮಾಡಿ ಸುಮ್ಮನಿರಿಸುತ್ತಾನಂತೆ.

"ಒಳೀಕ್ ಬಂದ್ ನೋಡಬಾರ್ದಾ ಅಂದ್ರೆ, ನೋಡಕಿಲ್ಲ ಅಂತ ಆಣೆ ಮಾಡಿವ್ನಿ, ಕೇಳಕಿಲ್ಲ ಅಂತ ಮಾಡಿಲ್ವಲ್ಲ ಅಂತಾನೆ" ಎಂದಳು ಮಾರಕ್ಕ.

ನಾನು ಎದ್ದು ಹಿತ್ತಲಿಗೆ ಹೋಗಿ ಮುಖ ತೊಳೆದುಕೊಂಡು ಬಂದೆ. ಎರಡು ವರ್ಷ, ನೂರ್ಜಹಾನ್! ನಾನು ಬೆತ್ತದ ಕುರ್ಚಿಯಲ್ಲಿ ಕುಳಿತು ಕೆಮ್ಮಿದ್ದನ್ನೆಲ್ಲ ಅಣ್ಣ ಕೇಳಿದ್ದಾನೆ. ಗೊತ್ತಿದ್ದರೆ ಸ್ವಲ್ಪ ಚೆನ್ನಾಗಿ ಕೆಮ್ಮುತ್ತಿದ್ದೆ. ಮಾರಕ್ಕ ಇನ್ನೇನೋ ಹೇಳಲು ಬಾಯಿ ತೆರೆದು, ಬಸ್ಸಿಗೆ ಹೊತ್ತಾಯಿತೆಂದು ಎದ್ದಳು. ಅವಳ ಮಡಿಲಿಗೆ ಮುನಿಯಮ್ಮ ಹೂವು, ಬಾಳೆಹಣ್ಣು ಹಾಕಿ ಕಳಿಸಿದಳು.

ಹಟಮಾರಿ ಮುದುಕ, ಕಿವಿ ಕೊಡುತ್ತಾನೆ, ಕಣ್ಣು ಕೊಡುವುದಿಲ್ಲ. ಆದರೂ ಅವತ್ತಿನಿಂದ ನನಗೆ ಹಸಿವು ಚೆನ್ನಾಗಿದೆ. ಅಶೋಕನ ಫ್ಯಾಕ್ಟರಿಯ ಹುಡುಗರು ರಾಜ್ಯೋತ್ಸವಕ್ಕೆ ಪೌರಾಣಿಕ ನಾಟಕ ಆಡಬೇಕೆಂದು ನನ್ನನ್ನೇ ಮೇಷ್ಟ್ರಾಗಲು ಕೇಳಿದರು, ಒಪ್ಪಿಕೊಂಡುಬಿಟ್ಟೆ. ಹಗಲೆಲ್ಲ ಕಾರಿಗೆ ಬೋಲ್ಟು ಬಿಗಿಯುವವರು ಸಂಜೆ ಬಂದು ಕಂದಪದ್ಯ ಹಾಡುತ್ತಾರೆ. ರಾಗ ಸ್ವಲ್ಪ ಬಿಗಿಯೇ, ಬಿಡು, ಸಡಿಲ ಮಾಡುತ್ತೇನೆ. ವೃದ್ಧ ಮಹಾರಾಜನ ಪಾತ್ರ ಮಾತ್ರ ಯಾರಿಗೂ ಕೊಡದೆ ನಾನೇ ಇಟ್ಟುಕೊಂಡಿದ್ದೇನೆ.

ಎಲ್ಲರಿಗೂ ಒಳ್ಳೆಯದಾಗಲಿ.

ನಿನ್ನ ಅಣ್ಣ,
ಮರಿಯಪ್ಪ

ವಿ.ಸೂ.: ಒಂದು ಯೋಚನೆ ಕೊರೆಯುತ್ತಿದೆ. ಸಾವಿನ ಕಂತಿನಲ್ಲಿ ನನಗೆ ಒಂದೂ ಮಾತಿಲ್ಲ, ಸುಮ್ಮನೆ ಮಲಗಿರುತ್ತೇನೆ. ಜಗಲಿಯ ಮೇಲೆ ಕುಳಿತವನು ಏನು ಕೇಳಿಸಿಕೊಳ್ಳುತ್ತಾನೆ?

ರಾಮನಗರ
೧೬ ಅಕ್ಟೋಬರ್ ೨೦೦೭

ನನ್ನ ತಂಗಿ ನೂರ್ಜಹಾನ್‌ಗೆ,

ರಂಜಾನ್ ಹಬ್ಬದ ಶುಭಾಶಯ ಎರಡು ದಿನ ತಡವಾಗಿ ಬರುತ್ತಿದೆ, ಮನ್ನಿಸು. ನೀನು ಕಳಿಸಿದ ಖರ್ಜೂರ ಮುಟ್ಟಿತು. ಸಕ್ಕರೆ ಕಾಯಿಲೆ ಇದೆಯೆಂದು ಮುನಿಯಮ್ಮ ಅದನ್ನು ಅಟ್ಟದ ಮೇಲೆ ಇಟ್ಟಿದ್ದಾಳೆ, ಏಣಿ ಎಲ್ಲಿದೆಯೆಂದು ನನಗೆ ಗೊತ್ತಿದೆ. ನಮ್ಮ ರಾಮನಗರ ಈಗ ಜಿಲ್ಲೆಯಾಗಿದೆ, ಬೋರ್ಡುಗಳಿಗೆಲ್ಲ ಹೊಸ ಬಣ್ಣ. ನಿನ್ನ ಮಾಗಡಿಯೂ ನಮ್ಮ ಜಿಲ್ಲೆಗೇ ಸೇರಿತಲ್ಲ, ಇನ್ನು ದೂರ ಎಂದು ನೆಪ ಹೇಳಬೇಡ.

ದೊಡ್ಡಯ್ಯ ಸತ್ತದ್ದನ್ನು ನೀವೂ ನೋಡಿರುತ್ತೀರಿ. ಗಾಂಧಿ ಜಯಂತಿಯ ದಿನ ಮಧ್ಯಾಹ್ನ ಬಂತು. ಅವತ್ತು ಅಕ್ಕೂರಿನಲ್ಲಿ ನಡೆದದ್ದನ್ನು ಅಶೋಕ ಹೇಳಿದ ಹಾಗೆ ಬರೆಯುತ್ತೇನೆ.

ಮಾರಕ್ಕ, ಪಕ್ಕದ ಮನೆಯ ಅಂಬುಜಮ್ಮ, ಇನ್ನೂ ನಾಲ್ಕಾರು ಹೆಂಗಸರು ಟಿ.ವಿ. ಮುಂದೆ. ಅಣ್ಣ ಎಂದಿನಂತೆ ಜಗಲಿಯಲ್ಲಿ ಬೆನ್ನು ತಿರುಗಿಸಿ ಕುಳಿತಿದ್ದಾನೆ. ಕಂತು ಶುರುವಾದಾಗಲೇ ದೊಡ್ಡಯ್ಯ ಹೆಣ. ಟಿ.ವಿ.ಯೊಳಗೆ ಅಳು ಎದ್ದಿತು. ಅದನ್ನು ನೋಡಿ ನಡುಮನೆಯ ಹೆಂಗಸರೂ ಅಳಲು ಶುರುಮಾಡಿದರು. ಹೊರಗಿದ್ದವನಿಗೆ ಎರಡೂ ಅಳು ಒಂದೇ ಆಗಿ ಕೇಳಿಸಿದೆ. "ಏನಮ್ಮೀ, ಮರಿ ಮಾತೇ ಕೇಳಿಸ್ತಿಲ್ವಲ್ಲ?" ಎಂದು ಕೂಗಿದ್ದಾನೆ. ಬಾಯಿಗೆ ಸೆರಗಿಟ್ಟುಕೊಂಡ ಮಾರಕ್ಕನಿಗೆ ಉತ್ತರ ಕೊಡಲಾಗಲಿಲ್ಲ. ಇನ್ನೊಮ್ಮೆ ಕೂಗಿದ್ದಾನೆ. ಅಷ್ಟರಲ್ಲಿ ನೋಡಲಾರೆನೆಂದು ಎದ್ದು ಹೊರಬಂದ ಅಂಬುಜಮ್ಮ, "ಒಂಟೋದ್ರು ಕನಣ್ಣ, ಬಂಗಾರದಂತಾ ಮನ್ಸ!" ಎಂದು ಕಣ್ಣೊರೆಸಿಕೊಂಡು ತನ್ನ ಮನೆಗೆ ನಡೆದಳು.

ಅಣ್ಣ ಎದ್ದ. ಗೋಡೆ ಹಿಡಿದುಕೊಂಡು ಅಂಗಳದ ತೊಟ್ಟಿಗೆ ಹೋಗಿ, ಉಟ್ಟ ಬಟ್ಟೆಯಲ್ಲೇ ತಲೆಯ ಮೇಲೆ ಚೊಂಬು ಚೊಂಬು ನೀರು ಸುರಿದುಕೊಂಡ. ಸಾವಿನ ಸುದ್ದಿ ಮುಟ್ಟಿದರೆ ನಮ್ಮಲ್ಲಿ ಹಾಗೆ ಮಾಡುತ್ತೇವೆ. ಆಮೇಲೆ ಅಲ್ಲೇ ಕಲ್ಲಿನ ಮೇಲೆ ಕುಸಿದು, "ಮರೀ, ಮರೀ" ಎಂದು ಅತ್ತ. ರಜೆಯೆಂದು ಒಳಗೆ ಮಲಗಿದ್ದ ಅಶೋಕ ಎದ್ದು ಓಡಿಬಂದ. "ಅಪ್ಪಾ, ಅದು ಸೀರಿಯಲ್ ಕನಪ್ಪ, ಚಿಕ್ಕಪ್ಪಂಗೆ ಏನೂ ಆಗಿಲ್ಲ" ಎಂದರೆ ಕೇಳಬೇಕಲ್ಲ! ನಮ್ಮವರು ಸಾವನ್ನು ನೇರವಾಗಿ ಯಾವತ್ತು ಹೇಳಿದ್ದಾರೆ? ಯಾರಾದರೂ ಸತ್ತಿದ್ದರೂ ಸೀರಿಯಸ್ಸು ಎಂದೇ ಹೇಳಿ ನೆಂಟರನ್ನು ಕರೆದೊಯ್ಯುತ್ತಾರೆ. "ನಂಗೆ ಮೆತ್ತಗ್ ಯೋಳಕೆ ಸೀರಿಯಲ್ಲು ಅಂತೀರಾ? ನಾ ಬಾಳಾ ಸಾವ ಕಂಡಿವ್ನಿ" ಎಂದು ಅಬ್ಬರಿಸಿದ. ಅಶೋಕ ನನ್ನ ಮೊಬೈಲಿಗೆ ಮಾಡಿದ. ನನ್ನದು ಆಫ್ ಆಗಿತ್ತು. ಅಣ್ಣನಿಗೆ ಅಲ್ಲಿಗೆ ಗಟ್ಟಿಯಾಯಿತು. ಬೈಕು ತೆಗೆಯುವುದೊಂದೇ ದಾರಿ ಉಳಿದದ್ದು.

ನನ್ನ ಮೊಬೈಲು ಆಫ್ ಆಗಿದ್ದದ್ದು ಯಾಕೆಂದರೆ, ರಜೆಯ ದಿನವೆಂದು ಅವತ್ತು ಕಲ್ಯಾಣ ಮಂಟಪದಲ್ಲಿ ಬಣ್ಣ, ಬಟ್ಟೆ ಸಮೇತ ಪೂರಾ ರಿಹರ್ಸಲ್ ಇಟ್ಟುಕೊಂಡಿದ್ದೆವು. ಕಿರೀಟ, ಬಿಳಿ ಗಡ್ಡ, ಕೆನ್ನೆಗೆ ಬಣ್ಣ, ಎಲ್ಲ ಏರಿಸಿಕೊಂಡು ನಾನು ಮಗನಿಗೆ ರಾಜ್ಯ ಒಪ್ಪಿಸುವ ಮಾತು ಆಡುತ್ತಿದ್ದೆ. ಹೊರಗೆ ಇನ್ನೂ ಬೆಳಕಿತ್ತು. ಬಾಗಿಲಲ್ಲಿ ಅಶೋಕ ಕಂಡ, ಅವನ ತೋಳು ಹಿಡಿದು ಅಣ್ಣ. ಪಂಚೆ ಅರ್ಧ ಒಣಗಿ ಮೈಗೆ ಅಂಟಿತ್ತು. ನಾನು ಮಾತು ನಿಲ್ಲಿಸಿದೆ. ಹಾರ್ಮೋನಿಯಂನವನು ನಾನು ಮರೆತೆನೆಂದು ತಿಳಿದು ಶ್ರುತಿ ಕೊಡುತ್ತಲೇ ಇದ್ದ. ಕೆಳಗಿಳಿದು ಹತ್ತಿರ ಹೋದೆ.

"ಮರಿ?" ಎಂದ ಅಣ್ಣ.

"ನಾನೇ ಅಣ್ಣ."

"ಮಾತಾಡ್ಲಾ. ಇನ್ನೊಂದೀಟು ಮಾತಾಡು."

ಜೀವಮಾನವೆಲ್ಲ ಮಾತನ್ನೇ ಮಾರಿ ಬದುಕಿದವನು ನಾನು. "ಊಟ ಆಯ್ತಾ ಅಣ್ಣ?" ಎಂದೆ, ಕಿರೀಟ ಇಟ್ಟುಕೊಂಡು! ಯಾರೋ ಹುಡುಗ ಕಿಸಕ್ಕೆಂದ. ಅಣ್ಣ ನನ್ನ ಭುಜ ಹಿಡಿದು ಅಲುಗಾಡಿಸಿ, "ಬದ್ಕಿದ್ದೀಯೇನ್ಲಾ ಬಡ್ಡೈದ್ನೆ" ಎಂದು ಮತ್ತೆ ಅತ್ತ. ನಾನೂ ಅತ್ತೆ, ಗಡ್ಡದ ಅಂಟು ಬಿಟ್ಟುಕೊಂಡಿತು. ಆಗ ನನಗೆ ಆಣೆ ನೆನಪಾಯಿತು. ತಾಯಿಯ ಮೇಲೆ ಇಟ್ಟ ಆಣೆ, ಇಷ್ಟು ವರ್ಷ ಕಾಪಾಡಿಕೊಂಡು ಬಂದದ್ದು, ನನ್ನಿಂದ ಮುರಿಯಬಾರದು. ಮುಖ ತಿರುಗಿಸಿ, "ಇರಣ್ಣ, ಬಣ್ಣ ಒರೆಸಿಕೊಂಡು ಬಂದುಬಿಡುತ್ತೇನೆ" ಎಂದೆ.

"ಒರೆಸ್ಕಬ್ಯಾಡ ಕಣ್ಲಾ" ಎಂದ. "ಅಂಗೇ ಇರು. ಒಸಿ ನೋಡ್ತೀನಿ."

ನನ್ನ ಎರಡೂ ಕೆನ್ನೆ ಹಿಡಿದುಕೊಂಡು ನಿಂತ. ಅವ್ವ ಇದ್ದಿದ್ದರೆ ಆಣೆ ಹಿಂದಕ್ಕೆ ತೆಗೆದುಕೊಳ್ಳುತ್ತಿದ್ದಳು, ಅಷ್ಟು ನನಗೆ ಗೊತ್ತು.

ಆಮೇಲೆ ಮುಂದಿನ ಸಾಲಿನ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕುಳಿತು ರಿಹರ್ಸಲ್ ಮುಗಿಯುವ ತನಕ ಅಲುಗಾಡಲಿಲ್ಲ. ಹುಡುಗರಿಗೆ ನನ್ನ ಅಣ್ಣ ಎಂದು ತಿಳಿದ ಮೇಲೆ ಒಬ್ಬೊಬ್ಬರೂ ಗಂಟಲು ಹರಿಯುವ ಹಾಗೆ ಹಾಡಿದರು. ಹೇಗಿತ್ತು ಎಂದು ಹೆದರಿಕೊಂಡೇ ಕೇಳಿದೆ. "ಆ ಸೇನಾಪತಿ ಸ್ಯಾನೆ ಕಿರುಚ್ತಾನೆ. ನೀನು ಪರ್ವಾಗಿಲ್ಲ" ಎಂದ. ಪರವಾಗಿಲ್ಲ! ನನಗೆ ಹೊದೆಸಿದ ಶಾಲುಗಳನ್ನೆಲ್ಲ ಒಂದರ ಮೇಲೊಂದು ಇಟ್ಟರೂ ಆ ಒಂದು ಮಾತಿನ ತೂಕ ಬರುವುದಿಲ್ಲ ನೂರ್ಜಹಾನ್.

ರಾತ್ರಿ ನಮ್ಮ ಮನೆಯಲ್ಲೇ ಉಳಿದ. ಮುನಿಯಮ್ಮ ಮುದ್ದೆ ಬಡಿಸುತ್ತಾ, "ಬಾವ, ಅತ್ರಾ? ನಿಜ್ವಾಗ್ಲೂ ಅತ್ರಾ?" ಎಂದು ಮತ್ತೆ ಮತ್ತೆ ಕೇಳಿ, ಹೌದೆಂದ ಮೇಲೆ ದೇವರ ಮುಂದೆ ದೀಪ ಹಚ್ಚಿ ಬಂದಳು. ಅವಳ ಪ್ರಕಾರ ಕಾಗೆಯ ಲೆಕ್ಕ ಚುಕ್ತಾ ಆಯಿತು, ನನಗೆ ಇನ್ನು ಆಯುಷ್ಯಕ್ಕೆ ಮೋಸವಿಲ್ಲ. ನಾನು ಈ ಸಲ ಮೂಢನಂಬಿಕೆಯ ಭಾಷಣ ಮಾಡಲಿಲ್ಲ.

ನಾಟಕದ ದಿನ ಇನ್ನೂ ಗೊತ್ತುಮಾಡಿಲ್ಲ. ನಮ್ಮಲ್ಲಿ ರಾಜ್ಯೋತ್ಸವ ನವೆಂಬರ್ ಪೂರ್ತಿ ಇರುತ್ತದೆಯಲ್ಲ, ತಿಂಗಳ ಕೊನೆಗೆ ಇಟ್ಟುಕೊಳ್ಳೋಣ ಎಂದಿದ್ದೇನೆ. ರಾಜಮಾತೆಯ ಪಾತ್ರಕ್ಕೆ ಹೊರಗಿನಿಂದ ಯಾರನ್ನೋ ಗೊತ್ತುಮಾಡುತ್ತೇವೆ ಎಂದರು ಹುಡುಗರು. ನಾನು ಬೇಡವೆಂದೆ. ಆ ಪಾತ್ರದವಳು ಮಾಗಡಿಯಲ್ಲಿದ್ದಾಳೆ, ಮಂಡಿನೋವಿನ ನೆಪ ಹೇಳುತ್ತಾಳೆ, ಸಿಂಹಾಸನದ ಮೇಲೆ ಕೂತೇ ಆಡುವ ಪಾತ್ರ ಎಂದು ಹೇಳಿ ಕರೆಸುತ್ತೇನೆ ಎಂದಿದ್ದೇನೆ. ಮುನ್ನೀಯನ್ನು ಕರೆದುಕೊಂಡು ಬೆಳಗಿನ ಬಸ್ಸಿಗೆ ಬಂದುಬಿಡು. ನಿನ್ನ ಬಾಯಿಗೆ ಪಾಠ ಇನ್ನೂ ಬರುತ್ತದೆಂದು ನನಗೆ ಗೊತ್ತು.

ನೀನೂ ನಿನ್ನ ಮಗಳೂ ನೂರು ಕಾಲ ಬಾಳಿ.

ನಿನ್ನ ಅಣ್ಣ,
ಅಕ್ಕೂರು ಮರಿಯಪ್ಪ

ವಿ.ಸೂ.: ಮೇಲೆ ಬರೆದದ್ದರಲ್ಲಿ ಒಂದಕ್ಷರ ಸುಳ್ಳಿಲ್ಲ, ಒಂದು ಮಾತು ಮಾತ್ರ ಬಿಟ್ಟಿದ್ದೆ. ಕಾಗದ ಮಡಿಸಿದವನು ಮತ್ತೆ ಬಿಚ್ಚಿ ಬರೆಯುತ್ತಿದ್ದೇನೆ.

ಅಣ್ಣನಿಗೆ ಕಣ್ಣು ಕಾಣುವುದಿಲ್ಲ. ಒಸಿ ನೋಡ್ತೀನಿ ಎಂದವನು ನೋಡಿದ್ದು ಬೆರಳಿನಿಂದ. ಹಣ್ಣಾದ ರೇಷ್ಮೆ ಹುಳುವನ್ನು ಎತ್ತಿ, ಗೂಡು ಕಟ್ಟಲು ಬಿದಿರಿನ ಚಂದ್ರಿಕೆಗೆ ಬಿಡುವಷ್ಟು ಹಗುರವಾಗಿ ನನ್ನ ಹುಬ್ಬು, ಮೂಗು, ಕೆನ್ನೆಯ ಮೇಲೆಲ್ಲ ಬೆರಳಾಡಿಸಿದ. ಬೆರಳಿಗೆ ಹತ್ತಿದ್ದನ್ನು ಉಜ್ಜಿ ನೋಡಿ, "ಇದ್ಯಾವ್ ಬಣ್ಣವ್ಲಾ, ಕೆಂಪಾ?" ಎಂದು ಕೇಳಿದ. ಆಗ ನನಗೆ ತಿಳಿಯಿತು. ಎರಡೂ ಕಣ್ಣಿಗೆ ಪೊರೆ ಬಂದು ಮೂರು ವರ್ಷವಾಗಿದೆ. ಮನೆಗೆ ಟಿ.ವಿ. ಬರುವ ಹೊತ್ತಿಗೆ ಆಣೆ ಮುರಿಯುವ ಆಸೆ ಹುಟ್ಟಿತ್ತಂತೆ, ಮುರಿದರೂ ಕಾಣುವಂತಿರಲಿಲ್ಲ. "ಮರೀಗ್ ಯೋಳ್ಬ್ಯಾಡಿ" ಎಂದು ಮನೆಯವರಿಂದ ಮಾತು ತೆಗೆದುಕೊಂಡಿದ್ದ. ಆಪರೇಷನ್ ಮಾಡಿಸೋಣವೆಂದು ಅಶೋಕ ಅಂಗಲಾಚಿದಾಗಲೆಲ್ಲ, ಈ ವಯಸ್ಸಿನಲ್ಲಿ ನೋಡುವುದೇನಿದೆ ಎನ್ನುತ್ತಿದ್ದನಂತೆ. ನಾನು ಹಟಮಾರಿ ಎಂದು ಬೈದುಕೊಂಡು ಓಡಾಡಿದ ಆ ದಿನಗಳಲ್ಲೆಲ್ಲ ಅಣ್ಣ ಕತ್ತಲಲ್ಲಿ ಕುಳಿತು ನನ್ನ ದನಿ ಕೇಳುತ್ತಿದ್ದ.

ಮಾರನೆಯ ಬೆಳಿಗ್ಗೆ ಅಣ್ಣನೇ ಬಾಯಿಬಿಟ್ಟು, "ನಡೀಲಾ, ಆ ಪೊರೆ ತಗಸ್ಬುಡವ" ಎಂದ. ಡಾಕ್ಟರಿಗೆ ತೋರಿಸಿದೆವು. ಎಡಗಣ್ಣು ಕೈಮೀರಿದೆ, ಬಲಗಣ್ಣಿಗೆ ಬೆಳಕು ಬರಬಹುದು ಎಂದಿದ್ದಾರೆ. ನವೆಂಬರ್ ಮೊದಲ ವಾರ ಆಪರೇಷನ್. ನಾಟಕ ತಿಂಗಳ ಕೊನೆಗೆ ಇಟ್ಟದ್ದು ಅದಕ್ಕೇ.

ಪಟ್ಟಿ ಬಿಚ್ಚುವಾಗ ಎದುರಿಗೆ ನಾನೇ ಕುಳಿತಿರಬೇಕಂತೆ. "ಬಣ್ಣ ಹಚ್ಚಿಕೊಂಡೇ ಬಂದು ಕೂರಲೇ ಅಣ್ಣ?" ಎಂದು ಕೇಳಿದೆ.

"ಬ್ಯಾಡ ಕಣ್ಲಾ" ಎಂದ. "ನಿನ್ ಬರೀ ಮೊಕವ ನೋಡೇ ಸ್ಯಾನೆ ದಿನ ಆಗದೆ. ಮೊದ್ಲು ಅದ್ನ ನೋಡ್ತೀನಿ. ಆಮ್ಯಾಕೆ ಬಣ್ಣ ಅಚ್ಕ, ಕುಂತ್ಕಂಡ್ ನೋಡ್ತೀನಿ."